ಪಿಟೀಲು ಮನೆ ಮುಂದೆ ನಗೆರಾಜನ ನೆನಪು

ಬೆಂಗಳೂರಿಗೆ ಬಂದವರು ವಿಧಾನಸೌಧ ನೋಡ್ತಾರೆ, ಲಾಲ್‌ಬಾಗ್ ಸುತ್ತುತಾರೆ, ಗಾಂಧಿನಗರದಲ್ಲೊಂದು ಸಿನಿಮಾ ನೋಡಿ ಬಸ್ಸು ಹತ್ತುತಾರೆ. ವೈಯಾಲಿಕಾವಲ್ ಕಡೆ ಬರೋರು ಕಮ್ಮಿ. ಚಿತ್ರರಸಿಕರೇ, ನೀವು ಮಾತ್ರ ತಪ್ಪಿಸಬೇಡಿ!

ವೈಯಾಳಿ ಅಂದರೆ ಕುದುರೆ ಸವಾರಿ, ಕಾವಲ್ ಅಂದರೆ ಹುಲ್ಲುಗಾವಲು. ಈಗ ಕುದುರೆಯೂ ಇಲ್ಲ, ಹುಲ್ಲೂ ಇಲ್ಲ. ಮಲ್ಲೇಶ್ವರದ ಮಗ್ಗುಲಲ್ಲೇ ಒತ್ತೊತ್ತಾದ ಮನೆಗಳು. ಅವುಗಳ ನಡುವೆ ಥಟ್ಟನೆ ಎದುರಾಗುತ್ತೆ ಒಂದು ಭಾರಿ ಪಿಟೀಲು! ಅದೇ ಚೌಡಯ್ಯ ಸ್ಮಾರಕ ಭವನ. ಏಳು ತಂತಿಯ ಪಿಟೀಲು ನುಡಿಸಿ ಹೆಸರಾದ ಟಿ. ಚೌಡಯ್ಯನವರ ನೆನಪಿಗೆ 1980ರಲ್ಲಿ ಬಾಗಿಲು ತೆರೆದ ಸಭಾಂಗಣ.

'ಸಂಗೀತದ ಮನೆಗೂ ಸಿನಿಮಾಕ್ಕೂ ಏನ್ರೀ ಸಂಬಂಧ?' ಅಂದಿರಾ? ಇದೆ. 1943ರ 'ವಾಣಿ' ಚಿತ್ರದಲ್ಲಿ ಚೌಡಯ್ಯನವರೇ ನಟಿಸಿದ್ದರು. ನಿರ್ದೇಶಿಸಿದ್ದು ನಾಟಕ ಕಂಪನಿಯ ಕೆ. ಹಿರಣ್ಣಯ್ಯ, ನಮ್ಮ ಮಾಸ್ಟರ್ ಹಿರಣ್ಣಯ್ಯನವರ ತಂದೆ. ಪಿಟೀಲು, ನಾಟಕ, ಸಿನಿಮಾ ಆಗೆಲ್ಲ ಒಂದೇ ಸಂಸಾರ.

ಈ ಕಟ್ಟಡದ ಮುಂದೆ ನಿಂತಾಗ ನನಗೆ ನೆನಪಾಗೋದು ಮಾತ್ರ ಬೇರೊಬ್ಬರು. ಒಣಕಲು ಮೈ, ಮುಂದೆ ಚಾಚಿದ ಹಲ್ಲು. ತಿಪಟೂರಿನ ಟಿ. ಆರ್. ನರಸಿಂಹರಾಜು! ಈ ರಂಗ ಅವರಿಗೆ ಸಿಗಲಿಲ್ಲ. ಭವನ ತೆರೆಯುವ ಹಿಂದಿನ ವರ್ಷ, 1979ರಲ್ಲೇ ಅವರು ಹೊರಟುಹೋಗಿದ್ದರು.

ಹುಡುಗನಾಗಿದ್ದಾಗಲೇ ಕಂಪನಿ ಸೇರಿದವರು. ಕಂಪನಿ ನಾಟಕದಲ್ಲಿ ಹಾಸ್ಯಗಾರನ ಕೆಲಸ ಏನು ಗೊತ್ತೆ? ಒಳಗೆ ಅರಮನೆ ತೆಗೆದು ಕಾಡು ಜೋಡಿಸೋವರೆಗೆ ಪರದೆ ಮುಂದೆ ಒಬ್ಬನೇ ನಿಂತು ಜನರನ್ನು ಹಿಡಿದಿಡಬೇಕು. ಹಾಡಬೇಕು, ಕುಣಿಯಬೇಕು, ಬೀಳಬೇಕು, ಏಳಬೇಕು. ನಗು ನಿಂತರೆ ಸಿಳ್ಳೆ! ಎರಡನೇ ಟೇಕ್ ಅನ್ನೋದೇ ಇಲ್ಲ.

ಗುಬ್ಬಿ ವೀರಣ್ಣನವರ ಕಂಪನಿಯಲ್ಲಿ ಪಳಗಿದ ಆ ಮೈ 1954ರಲ್ಲಿ 'ಬೇಡರ ಕಣ್ಣಪ್ಪ'ದಿಂದ ತೆರೆಗೆ ಬಂತು. ರಾಜಕುಮಾರ್ ನಾಯಕರಾದ ಮೊದಲ ಚಿತ್ರವೂ ಅದೇ. ಮುಂದೆ ಚಿತ್ರಗಳು ಕಮ್ಮಿಯಾಗಿ ಕಲಾವಿದರ ಒಲೆ ಆರುವ ಹಾಗಾದಾಗ ರಾಜಕುಮಾರ್, ಬಾಲಕೃಷ್ಣ, ಜಿ. ವಿ. ಅಯ್ಯರ್ ಜೊತೆ ನರಸಿಂಹರಾಜು ಊರೂರಿಗೆ ನಾಟಕ ಹೊತ್ತುಕೊಂಡು ಹೋದರು. ಈ ನಾಲ್ವರೇ ಸೇರಿ 1960ರಲ್ಲಿ 'ರಣಧೀರ ಕಂಠೀರವ' ತೆಗೆದರು. ಕಷ್ಟಕಾಲದಲ್ಲಿ ಕನ್ನಡ ಚಿತ್ರರಂಗಕ್ಕೆ ಹೆಗಲು ಕೊಟ್ಟವರಲ್ಲಿ ಈ ಒಣಕಲು ಹೆಗಲೂ ಒಂದು ಸ್ವಾಮಿ!

ಪಿಟೀಲುಗಾರನಿಗೆ ಪಿಟೀಲಿನ ಆಕಾರದ ಭವನ ಕಟ್ಟಬಹುದು. ಹಾಸ್ಯಗಾರನಿಗೆ ಯಾವ ಆಕಾರ? ಅವನ ವಾದ್ಯ ಅವನ ಮೈಯೇ. ಅವನು ಹೋದರೆ ಅದೂ ಹೋಯಿತು. ಉಳಿದಿರೋದು ಫಿಲ್ಮಿನ ಮೇಲೆ ಮಾತ್ರ. 1965ರ 'ಸತ್ಯಹರಿಶ್ಚಂದ್ರ' ಸಿಕ್ಕರೆ ನಕ್ಷತ್ರಿಕನ ಮುಖ ಬಿಡಿ, ಕಾಲು ನೋಡಿ. ಆ ನಡಿಗೆಯ ಹಿಂದೆ ಎಷ್ಟು ಊರಿನ ರಂಗದ ಧೂಳಿದೆ ಅಂತ ನಿಮಗೇ ಗೊತ್ತಾಗುತ್ತೆ.