ಮೃಗಾಲಯದಲ್ಲಿ ಕಾಣುವುದು, ಕಾಣದಿರುವುದು

ಮೈಸೂರಿಗೆ ಹೊರಟ ಶಾಲಾ ಪ್ರವಾಸದ ಬಸ್ಸು ಮೃಗಾಲಯದ ಮುಂದೆ ನಿಲ್ಲದೆ ಊರಿಗೆ ಮರಳುವುದು ಅಪರೂಪ. 1892ರಲ್ಲಿ ಹತ್ತನೇ ಚಾಮರಾಜೇಂದ್ರ ಒಡೆಯರು ಆರಂಭಿಸಿದ ಈ ಮೃಗಾಲಯಕ್ಕೆ 1909ರಲ್ಲಿ ಅವರದೇ ಹೆಸರಿಡಲಾಯಿತು.

ಒಳಗೆ ಹೋದವರು ಮೊದಲು ಗಮನಿಸಬೇಕಾದದ್ದು ಕಂದಕಗಳನ್ನು. ಹಲವು ಕಡೆ ಪ್ರಾಣಿಗೂ ನಮಗೂ ನಡುವೆ ಕಬ್ಬಿಣದ ಕಂಬಿಯಿಲ್ಲ. ಆಳವಾದ ಕಂದಕ, ಅದರಾಚೆ ಮರ, ಹುಲ್ಲು, ನೀರು. ಹುಲಿ ಕಾಣಲಿಲ್ಲವೆಂದು ಮಕ್ಕಳು ಮುಖ ಸಣ್ಣದು ಮಾಡುವುದುಂಟು. ಆದರೆ ಬೇಕೆನಿಸಿದಾಗ ಮರೆಯಾಗಲು ಜಾಗವಿರುವುದೇ ಅದಕ್ಕೆ ನೆಮ್ಮದಿ. ಮಂಗಳವಾರದ ರಜೆಯಿಂದ ಪ್ರಾಣಿಗಳಿಗೂ ಜನಜಂಗುಳಿಯ ಗದ್ದಲದಿಂದ ಬಿಡುವು ಸಿಗುತ್ತದೆ. ಇಂದು ದೇಶದ ಯಾವ ಮೃಗಾಲಯವೂ ಮನಬಂದಂತೆ ನಡೆಯುವಂತಿಲ್ಲ. 1992ರಲ್ಲಿ ಸ್ಥಾಪನೆಯಾದ ಕೇಂದ್ರೀಯ ಮೃಗಾಲಯ ಪ್ರಾಧಿಕಾರದ ಮಾನ್ಯತೆ ಅದಕ್ಕೆ ಬೇಕೇಬೇಕು.

ಇನ್ನು ಕಾಡುಕೋಣದ ಆವರಣ. ಬಂಡೀಪುರದಲ್ಲಿ ಧಾರಾಳವಾಗಿರುವ ಪ್ರಾಣಿಯನ್ನು ಇಲ್ಲೇಕೆ ಸಾಕಬೇಕು? 1968ರ ಸುಮಾರಿಗೆ ಜಾನುವಾರುಗಳ ದೊಡ್ಡರೋಗ, ಅಂದರೆ ರಿಂಡರ್‌ಪೆಸ್ಟ್, ಅದೇ ಬಂಡೀಪುರದ ಕಾಡುಕೋಣಗಳ ಹಿಂಡುಗಳನ್ನು ಸಾಯಿಸಿತ್ತು. ಆ ರೋಗ ಜಗತ್ತಿನಿಂದಲೇ ನಿರ್ಮೂಲವಾಯಿತೆಂದು 2011ರಲ್ಲಿ ಘೋಷಣೆಯಾಯಿತು. ಆದರೆ ಕಾಲುಬಾಯಿ ರೋಗದಂಥವು ಇನ್ನೂ ಇವೆ. ಕಾಡಿನ ಹಿಂಡಿಗೆ ಕುತ್ತು ಬಂದರೆ ಬೇರೆಡೆ ಆರೋಗ್ಯವಂತ ಹಿಂಡೊಂದು ಉಳಿದಿರಬೇಕು. ರೈತ ಬಿತ್ತನೆಯ ಬೀಜವನ್ನು ಬೇರೆ ತೆಗೆದಿಟ್ಟ ಹಾಗೆ ಇದು.

ಈ ಸಂಸ್ಥೆಯ ಮುಖ್ಯ ಕೆಲಸವೊಂದು ಪ್ರವಾಸಿಗರ ಕಣ್ಣಿಗೆ ಬೀಳುವುದೇ ಇಲ್ಲ. ನಗರದ ಹೊರಗೆ ಕೂರ್ಗಳ್ಳಿಯಲ್ಲಿ ಮೃಗಾಲಯದ್ದೇ ಪುನರ್ವಸತಿ ಕೇಂದ್ರವಿದೆ. ಅಲ್ಲಿ ಟಿಕೆಟ್ ಇಲ್ಲ, ಸಾರ್ವಜನಿಕರಿಗೆ ಪ್ರವೇಶವೂ ಇಲ್ಲ. ಕಾಡಂಚಿನ ಊರುಗಳಲ್ಲಿ ಸೆರೆಸಿಕ್ಕ, ಗಾಯಗೊಂಡ ಹುಲಿ, ಚಿರತೆಗಳು ಅಲ್ಲಿಗೆ ಬರುತ್ತವೆ. ಹಲ್ಲು ಮುರಿದ, ಕಾಲು ಕುಂಟಾದ ಹುಲಿಗೆ ಬೇಟೆ ಸಾಧ್ಯವಿಲ್ಲ. ಮತ್ತೆ ಬಿಟ್ಟರೆ ಅದು ಉಪವಾಸ ಬೀಳಬೇಕು, ಇಲ್ಲವೇ ದನದ ಕೊಟ್ಟಿಗೆಗೆ ನುಗ್ಗಬೇಕು. ಅಂಥವಕ್ಕೆ ಅಲ್ಲೇ ಕೊನೆಯವರೆಗೆ ಆರೈಕೆ.

ಹಾಗೆಂದು ಮೃಗಾಲಯ ಕಾಡಿಗೆ ಬದಲಿಯಲ್ಲ. ಹುಲಿಯೊಂದಕ್ಕೆ ಹತ್ತಾರು ಚದರ ಕಿಲೋಮೀಟರ್ ಕಾಡು ಬೇಕು. ಅದನ್ನು ಯಾವ ಆವರಣವೂ ಕೊಡಲಾರದು. ಕಾಡು ಕಿರಿದಾದಷ್ಟೂ ಕೂರ್ಗಳ್ಳಿಯಲ್ಲಿ ಜಾಗ ಸಾಲದಾಗುತ್ತದೆ.

ಮುಂದಿನ ಸಲ ಹೋದಾಗ ಕೂಗುವುದು, ತಿಂಡಿ ಎಸೆಯುವುದು ಬೇಡ. ಹೆತ್ತವರು ಮಕ್ಕಳೊಂದಿಗೆ ಒಂದೆರಡು ಆವರಣಗಳ ಮುಂದಾದರೂ ನಿಂತು ಫಲಕ ಓದಲಿ. ಈ ಪ್ರಾಣಿಯ ಕಾಡು ಯಾವುದು, ಅದು ಈಗ ಎಷ್ಟು ಉಳಿದಿದೆ ಎಂದು ಕೇಳಿಕೊಳ್ಳಲಿ. ಟಿಕೆಟ್ಟಿನ ಹಣ ಸಾರ್ಥಕವಾಗುವುದು ಆಗಲೇ.