ನತ್ತೆ ಹುಡುಕುತ್ತಾ ನಾಲ್ಕು ತಾಲ್ಲೂಕು

‘ವೀಕೆಂಡ್‌ಗೆ ಮಧುಗಿರಿ ಕಡೆ ಹೋಗ್ತಿದ್ದೀನಿ’ ಅಂದರೆ ಆಫೀಸಿನಲ್ಲಿ ಎಲ್ಲರೂ ಕೇಳೋದು ಒಂದೇ ಮಾತು: ‘ಬೆಟ್ಟ ಹತ್ತೋಕಾ?’ ಮಧುಗಿರಿ ಅಂದರೆ ಏಕಶಿಲಾ ಬೆಟ್ಟ, ಕೊರಟಗೆರೆ ಅಂದರೆ ಸಿದ್ಧರಬೆಟ್ಟ ಮತ್ತು ಗೊರವನಹಳ್ಳಿ ಮಹಾಲಕ್ಷ್ಮಿ, ಶಿರಾ ಅಂದರೆ ಮಲಿಕ್ ರಿಹಾನ್ ಗೋರಿ, ಪಾವಗಡ ಅಂದರೆ ಶನಿಮಹಾತ್ಮ. ತುಮಕೂರು ಜಿಲ್ಲೆಯ ಈ ಪಟ್ಟಿ ಎಲ್ಲರಿಗೂ ಬಾಯಿಪಾಠ. ನಾನು ಈ ಸಲ ಹೋಗಿದ್ದು ಬೇರೆ ಕೆಲಸಕ್ಕೆ. ನತ್ತೆ ನೋಡೋಕೆ.

ನತ್ತೆ ಅಂದರೆ ಕೆರೆಯ ಶಂಖದ ಹುಳು, ತೋಟದ ಬಸವನಹುಳುವಿನ ನೀರಿನ ಕಡೆಯ ನೆಂಟ. ಬೆಂಗಳೂರಿನ ನನ್ನ ಬಾಡಿಗೆ ಮನೆಯಲ್ಲಿ ಎರಡು ಅಡಿಯ ಅಕ್ವೇರಿಯಂ ಇದೆ. ಅದರಲ್ಲಿ ಮೀನಿಗಿಂತ ನತ್ತೆಯೇ ಜಾಸ್ತಿ. ಗಾಜಿಗೆ ಹತ್ತಿದ ಪಾಚಿ ತಿನ್ನುತ್ತವೆ, ಸದ್ದು ಮಾಡಲ್ಲ, ವಾಕಿಂಗ್ ಕರ್ಕೊಂಡು ಹೋಗೋ ತಾಪತ್ರಯ ಇಲ್ಲ. ಅಂಗಡಿಯಲ್ಲಿ ಇವಕ್ಕೆ ‘ಮಿಸ್ಟರಿ ಸ್ನೇಲ್’, ‘ರ‍್ಯಾಮ್ಸ್‌ಹಾರ್ನ್’, ‘ಮಲೇಷಿಯನ್ ಟ್ರಂಪೆಟ್’ ಅಂತ ದೊಡ್ಡ ದೊಡ್ಡ ಹೆಸರು. ಹೊಸದಾಗಿ ಸಾಕುವವರು ಕೇಳುವ ಪ್ರಶ್ನೆಗಳು ಮಾತ್ರ ಸಣ್ಣವು. ಚಿಪ್ಪು ಯಾಕೆ ಬೆಳ್ಳಗಾಗಿ ಸವೆಯುತ್ತೆ? ಮೊಟ್ಟೆ ಯಾಕೆ ಒಡೆಯಲ್ಲ? ಒಂದು ತಂದರೆ ನೂರು ಹೇಗಾಯ್ತು? ಇದಕ್ಕೆಲ್ಲ ಉತ್ತರ ನಮ್ಮ ಕೆರೆಗಳಲ್ಲೇ ಇರಬೇಕು ಅನ್ನಿಸಿತು. ಮಳೆಗಾಲ ಮುಗಿಯುವ ಹೊತ್ತಿಗೆ ಬೈಕ್ ಹತ್ತಿದೆ. ಬ್ಯಾಗಿನಲ್ಲಿ ಎರಡು ಜೊತೆ ಬಟ್ಟೆ, ಜೊತೆಗೆ ನೀರಿನ ಗಡಸುತನ ಅಳೆಯುವ ಪುಟ್ಟ ಕಿಟ್. ಐದು ಎಂಎಲ್ ನೀರಿಗೆ ಹನಿ ಹನಿಯಾಗಿ ದ್ರಾವಣ ಹಾಕುತ್ತಾ ಹೋಗಬೇಕು. ಎಷ್ಟನೇ ಹನಿಗೆ ಬಣ್ಣ ಬದಲಾಗುತ್ತೋ ಅಷ್ಟು ಡಿಗ್ರಿ ಗಡಸು.

ಕೊರಟಗೆರೆ: ದಡದಲ್ಲಿ ಮೊಟ್ಟೆ

ದೇವರಾಯನದುರ್ಗದಲ್ಲಿ ಹುಟ್ಟುವ ಜಯಮಂಗಲಿ ಕೊರಟಗೆರೆ, ಮಧುಗಿರಿ ಸೀಮೆ ದಾಟಿ ಆಂಧ್ರದ ಕಡೆ ಹೋಗಿ ಉತ್ತರ ಪಿನಾಕಿನಿ ಸೇರುತ್ತಾಳೆ. ವರ್ಷದ ಬಹುಪಾಲು ಮರಳಿನ ಹಾಸಿಗೆಯಾಗಿ ಮಲಗಿರುವ ಈ ನದಿ 2022ರ ಮಳೆಗೆ ಉಕ್ಕಿ ಹರಿದಿದ್ದು ಈ ಕಡೆಯ ಜನ ಇನ್ನೂ ಮರೆತಿಲ್ಲ.

ಗೊರವನಹಳ್ಳಿ ದಾಟಿ ಒಂದು ಸಣ್ಣ ಕೆರೆಯ ಏರಿ ಪಕ್ಕ ಬೈಕ್ ನಿಲ್ಲಿಸಿದೆ. ಅಂಚಿನ ಕೆಸರಿನಲ್ಲಿ ನಿಂಬೆಹಣ್ಣಿನಷ್ಟು ದಪ್ಪದ ಕಂದು ನತ್ತೆಗಳು. ಬಗ್ಗಿ ನೋಡ್ತಿದ್ದಾಗ ಎಮ್ಮೆ ಮೈ ತೊಳೆಯುತ್ತಿದ್ದ ಅಜ್ಜ ಕೂಗಿ ಕೇಳಿದರು.

‘ಏನಪ್ಪಾ ಹುಡುಕ್ತಿದ್ದೀಯ?’

‘ನತ್ತೆ, ಅಜ್ಜ.’

‘ಯಾರ್ಗಪ್ಪಾ ಮೂಲವ್ಯಾಧಿ?’

ಹಳ್ಳಿಗಳಲ್ಲಿ ನತ್ತೆ ಸಾರಿಗೆ ಮದ್ದಿನ ಹೆಸರೂ ಇದೆ. ಸಾಕೋಕೆ ಅಂದಾಗ ಅಜ್ಜ ನಕ್ಕು, ಎಮ್ಮೆಯನ್ನು ಬಿಟ್ಟು ಬಂದು, ದಡದ ಒದ್ದೆ ಮಣ್ಣಿನ ಗುಳಿಯೊಂದನ್ನು ಬೆರಳಲ್ಲಿ ಕೆದಕಿ ತೋರಿಸಿದರು. ಒಳಗೆ ಬಿಳಿ ಮುತ್ತಿನಂಥ ಮೊಟ್ಟೆಗಳ ರಾಶಿ. ‘ನೀರೊಳಗಿಟ್ರೆ ಕೊಳ್ತೋಯ್ತವೆ ಅಂತ ಅದುಕ್ಕೇ ಗೊತ್ತು’ ಅಂದವರೇ ಮತ್ತೆ ಮಣ್ಣು ಮುಚ್ಚಿದರು.

ನಮ್ಮ ದೊಡ್ಡ ನತ್ತೆ (ಪೈಲಾ ಗ್ಲೋಬೋಸಾ ಅನ್ನೋ ಜಾತಿ) ನೀರಲ್ಲಿ ಕಿವಿರಿನಿಂದಲೂ ಹೊರಗೆ ಗಾಳಿಚೀಲದಿಂದಲೂ ಉಸಿರಾಡುತ್ತದೆ. ಗಂಡು ಹೆಣ್ಣು ಬೇರೆ ಬೇರೆ. ಮೊಟ್ಟೆ ಇಡೋದು ನೀರಿನಾಚೆ. ಅಂಗಡಿಯ ಮಿಸ್ಟರಿ ಸ್ನೇಲ್ ದಕ್ಷಿಣ ಅಮೆರಿಕದ್ದು, ಇದರ ದೂರದ ದಾಯಾದಿ. ಅದೂ ನೀರಿನ ಮಟ್ಟಕ್ಕಿಂತ ಮೇಲೇ, ಗಾಜಿಗೆ ಅಂಟಿಸಿ ಗೊಂಚಲು ಇಡುತ್ತದೆ. ಹಾಗಾಗಿ ತೊಟ್ಟಿಯನ್ನು ಕಂಠಪೂರ್ತಿ ತುಂಬಿಸಬಾರದು. ಮೇಲೆ ಮೂರು ನಾಲ್ಕು ಇಂಚು ಖಾಲಿ ಇರಲಿ. ಗೊಂಚಲು ನೀರಲ್ಲಿ ಮುಳುಗಬಾರದು, ಒಣಗಲೂಬಾರದು. ಮುಚ್ಚಳ ಹಾಕಿದ್ದರೆ ಒಳಗಿನ ತೇವ ಸಾಕು, ಎರಡರಿಂದ ನಾಲ್ಕು ವಾರದಲ್ಲಿ ಮರಿ. ಮುಚ್ಚಳ ಇಲ್ಲದಿದ್ದರೆ ರಾತ್ರಿ ಹೊತ್ತು ತಾಯಿ ನತ್ತೆ ಸೋಫಾ ಕೆಳಗೆ ಸಿಕ್ಕರೂ ಆಶ್ಚರ್ಯವಿಲ್ಲ.

ಮಧುಗಿರಿ: ಬೇಳೆ ಬೇಯದ ನೀರು

ಮಧುಗಿರಿಯಲ್ಲಿ ಉಳಿದುಕೊಂಡಿದ್ದು ಚಿಕ್ಕಮ್ಮನ ಮನೆಯಲ್ಲಿ. ಚಿಕ್ಕಮ್ಮನಿಗೆ ಬೋರ್‌ವೆಲ್ ನೀರಿನ ಮೇಲೆ ದೊಡ್ಡ ಸಿಟ್ಟು. ‘ಗೀಸರ್ ಕಾಯಿಲ್ ಎರಡ್ ಸಲ ಹೋಯ್ತು ಕಣೋ. ಸೋಪು ನೊರೆ ಬರಲ್ಲ. ಕುಕ್ಕರಲ್ಲಿ ಆರು ವಿಷಲ್ ಕೂಗಿಸಿದ್ರೂ ಬೇಳೆ ಬೇಯಲ್ಲ.’ ಕಿಟ್ ತೆಗೆದು ನಲ್ಲಿ ನೀರಿಗೆ ಹನಿ ಹಾಕಿದೆ. ಹದಿನೆಂಟನೇ ಹನಿಗೆ ಬಣ್ಣ ಬದಲಾಯಿತು.

ಬೆಳಗ್ಗೆ ಬೆಟ್ಟಕ್ಕೂ ಹೋದೆ (ಮಧುಗಿರಿಗೆ ಬಂದು ಬೆಟ್ಟ ಬಿಡೋಕಾಗುತ್ತಾ?). ಕೋಟೆಯ ಬಂಡೆಯ ಮೇಲಿನ ದೊಣೆಯೊಂದರಲ್ಲಿ ನಿಂತಿದ್ದ ಮಳೆನೀರಿಗೂ ಹನಿ ಹಾಕಿದೆ. ಎರಡೇ ಹನಿ. ಗ್ರಾನೈಟ್ ಬಂಡೆ ನೀರಿಗೆ ಸುಣ್ಣ ಬಿಟ್ಟುಕೊಡೋದು ಬಹಳ ಕಡಿಮೆ. ಅದೇ ನೀರು ಇಳಿದು, ಮಣ್ಣಿನ ಸುಣ್ಣಕಲ್ಲು ಹಾಯ್ದು, ವರ್ಷಗಟ್ಟಲೆ ನೆಲದೊಳಗೆ ಕೂತು ಮೇಲೆ ಬಂದರೆ ಹದಿನೆಂಟು ಹನಿ.

ನತ್ತೆಗೆ ಬೇಕಾಗಿರೋದು ಈ ಬೇಳೆ ಬೇಯದ ನೀರೇ. ಚಿಪ್ಪು ಅಂದರೆ ಹೆಚ್ಚೂಕಮ್ಮಿ ಸುಣ್ಣ, ಅಂದರೆ ಕ್ಯಾಲ್ಸಿಯಂ ಕಾರ್ಬೊನೇಟ್. ಹಿಂದೆ ಸುಣ್ಣಗಾರರು ಚಿಪ್ಪನ್ನು ಗೂಡಿನಲ್ಲಿ ಸುಟ್ಟು ಎಲೆಅಡಿಕೆಗೆ ಸುಣ್ಣ ಮಾಡುತ್ತಿದ್ದದ್ದು ಇದರಿಂದಲೇ. ಹೊಸ ಚಿಪ್ಪು ಕಟ್ಟೋಕೆ ಬೇಕಾದ ಕ್ಯಾಲ್ಸಿಯಂ ನೀರಿನಿಂದಲೂ ಊಟದಿಂದಲೂ ಬರಬೇಕು. ನೀರು ಮೆದುವಾಗಿದ್ದು ಹುಳಿಯ ಕಡೆ ವಾಲಿದ್ದರೆ, ಕಟ್ಟಿದ ಚಿಪ್ಪೂ ನಿಧಾನವಾಗಿ ಕರಗುತ್ತದೆ. ಬೆಳ್ಳಗಾಗಿ ಸವೆಯೋದು ವಯಸ್ಸಿನಿಂದ ಮಾತ್ರ ಅಲ್ಲ, ನೀರಿನಿಂದಲೂ.

ಶಿರಾ: ಮುಚ್ಚಳ ಹಾಕಿಕೊಂಡು ಕಾಯೋದು

1687ರಲ್ಲಿ ಮೊಘಲರ ಕೈಗೆ ಬಂದು ಒಂದು ಸುಬಾದ ರಾಜಧಾನಿಯಾಗಿದ್ದ ಊರು ಶಿರಾ. ಈಗ ಹೈವೇಯಲ್ಲಿ ಹೋಗುವವರಿಗೆ ಊಟಕ್ಕೆ ನಿಲ್ಲಿಸುವ ಜಾಗ. ಬಯಲುಸೀಮೆಯ ಬಿಸಿಲು ಇಲ್ಲಿಂದ ಜೋರಾಗುತ್ತದೆ.

ಕೆರೆ ಅಂಗಳದ ಪಕ್ಕ ಟೀ ಅಂಗಡಿಯಲ್ಲಿ ಟ್ರ್ಯಾಕ್ಟರ್ ಓಡಿಸುವ ಅಣ್ಣ ಒಬ್ಬರು ಸಿಕ್ಕಿದರು. ಬೇಸಿಗೆಯಲ್ಲಿ ಹೂಳು ಹೊಡೆಯೋದು ಅವರ ಕೆಲಸ. ‘ಕೆರೆ ಒಣಗಿ ಬಿರುಕು ಬಿಟ್ಟಿರ್ತದೆ ಸಾರ್. ಜೆಸಿಬಿ ಬಕೆಟ್ ಹಾಕಿದ್ರೆ ಮಣ್ಣಲ್ಲಿ ನತ್ತೆ. ಸತ್ತೋಗವೆ ಅನ್ಕೊಂಡಿದ್ದೆ. ಹೊಲಕ್ಕೆ ಸುರಿದ ಮಣ್ಣಲ್ಲಿ ಮಳೆ ಬಿದ್ ಮಾರನೇ ದಿನ ಎದ್ ಓಡಾಡ್ತಿದ್ವು!’

ನೀರು ಇಳಿಯುತ್ತಿದ್ದಂತೆ ನಮ್ಮ ನತ್ತೆ ಕೆಸರಿನೊಳಗೆ ಹೂತು, ಬಾಯಿಗೆ ಮುಚ್ಚಳ ಹಾಕಿಕೊಂಡು, ತಿಂಗಳುಗಟ್ಟಲೆ ಊಟವಿಲ್ಲದೆ ಇರುತ್ತದೆ. ಆ ಮುಚ್ಚಳವೂ ಸುಣ್ಣದ್ದೇ, ಗಟ್ಟಿ ಬಿಲ್ಲೆ. ಮಿಸ್ಟರಿ ಸ್ನೇಲ್ ಮುಚ್ಚಳ ಉಗುರಿನಂತೆ ಬಾಗುತ್ತದೆ. ಅಂಗಡಿಯಲ್ಲಿ ಯಾವುದು ಊರಿನದು, ಯಾವುದು ಹೊರಗಿನದು ಅಂತ ನೋಡೋಕೆ ಇದೊಂದು ಗುರುತು. ತೊಟ್ಟಿಯಲ್ಲಿ ನತ್ತೆ ಎರಡು ದಿನ ಅಲುಗಾಡದಿದ್ದರೆ ಗಾಬರಿಯಾಗಿ ಎಸೆಯಬೇಡಿ. ಎತ್ತಿ ಮೂಸಿ. ಸತ್ತಿದ್ದರೆ ಆ ವಾಸನೆ ತಡೆಯೋಕಾಗಲ್ಲ. ವಾಸನೆ ಇಲ್ಲ, ಮುಚ್ಚಳ ಬಿಗಿಯಾಗಿದೆ ಅಂದರೆ ಅದು ಬದುಕಿದೆ. ನೀರಲ್ಲಿ ಏನೋ ಅದಕ್ಕೆ ಹಿಡಿಸಿಲ್ಲ.

ಕೆರೆಯ ಬದಿಯ ಮರಳನ್ನು ಬೆರಳಲ್ಲಿ ಕೆದಕಿದರೆ ಸಣ್ಣ ತಿರುಪಿನಂಥ ಉದ್ದ ಚಿಪ್ಪುಗಳೂ ಸಿಕ್ಕವು. ಇದೇ ಅಂಗಡಿಯ ‘ಮಲೇಷಿಯನ್ ಟ್ರಂಪೆಟ್’. ಹೆಸರು ಮಲೇಷಿಯಾದ್ದು, ಹುಳು ನಮ್ಮ ದೇಶದ್ದೂ ಹೌದು. ಗಂಡಿನ ಹಂಗಿಲ್ಲದೆ ಹೆಣ್ಣೊಂದೇ ಮರಿ ಹಾಕುತ್ತದೆ. ಒಂದು ತಂದರೆ ನೂರಾಗುವ ಗುಟ್ಟು ಇದು. ರ‍್ಯಾಮ್ಸ್‌ಹಾರ್ನ್‌ನಲ್ಲಿ ಗಂಡು ಹೆಣ್ಣು ಎರಡೂ ಒಂದೇ ದೇಹದಲ್ಲಿ. ಜೋಡಿ ಸಿಗದಿದ್ದರೂ ಮೊಟ್ಟೆ ಇಡಬಲ್ಲದು. ಮೀನಿನ ಊಟ ಉಳಿದಷ್ಟೂ ಇವು ಹೆಚ್ಚುತ್ತವೆ. ಕಡಿಮೆ ಆಗಬೇಕಾ? ಊಟ ಕಡಿಮೆ ಹಾಕಿ, ಅಷ್ಟೇ.

ಪಾವಗಡ: ಟಿಡಿಎಸ್ ಪೆನ್ ಹೇಳದ ಮಾತು

ಪಾವಗಡಕ್ಕೆ ಹೋಗುವಾಗ ದಾರಿಯಲ್ಲಿ ಆಂಧ್ರ ಬಂದು ಹೋಗುತ್ತದೆ. ಬೋರ್ಡಿನ ಅಕ್ಷರ ಬದಲಾಗುತ್ತದೆ, ನತ್ತೆ ಮಾತ್ರ ಬದಲಾಗಲ್ಲ: ತೆಲುಗಿನಲ್ಲೂ ಅದು ‘ನತ್ತ’. ಆಮೇಲೆ ಕಣ್ಣು ಹಾಯಿಸಿದಷ್ಟೂ ಸೋಲಾರ್ ಫಲಕ. ಸುಮಾರು 13,000 ಎಕರೆ, 2,050 ಮೆಗಾವ್ಯಾಟ್. ಮಳೆ ನಂಬಿ ಬೆಳೆ ಇಟ್ಟು ಸೋತ ರೈತರು ಜಮೀನನ್ನು ಗುತ್ತಿಗೆಗೆ ಕೊಟ್ಟು ಎದ್ದ ಪಾರ್ಕ್ ಇದು.

ಇಲ್ಲಿನ ಅಂತರ್ಜಲದ ದೊಡ್ಡ ಕಷ್ಟ ಫ್ಲೋರೈಡ್. ಅದಕ್ಕೇ ಊರೂರಿಗೆ ಆರ್‌ಒ ಘಟಕ; ನಾಣ್ಯ ಹಾಕಿ ಕ್ಯಾನ್ ತುಂಬಿಸಿಕೊಂಡು ಹೋಗುತ್ತಾರೆ. ನತ್ತೆ ಸಾಕುವವರು ಇಲ್ಲಿ ಕಲಿಯೋದು ಒಂದಿದೆ. ಟಿಡಿಎಸ್ ಪೆನ್ ತೋರಿಸೋದು ಕರಗಿರುವ ಎಲ್ಲ ಲವಣಗಳ ಒಟ್ಟು ಅಂದಾಜು. ಅದರಲ್ಲಿ ಕ್ಯಾಲ್ಸಿಯಂ ಎಷ್ಟು ಅಂತ ಹೇಳಲ್ಲ. ಕ್ಯಾಲ್ಸಿಯಂ ಜಾಸ್ತಿ ಇದ್ದರೆ ಫ್ಲೋರೈಡ್ ಅದರ ಜೊತೆ ಗಟ್ಟಿಯಾಗಿ ಕೂತುಬಿಡುತ್ತದೆ; ಕ್ಯಾಲ್ಸಿಯಂ ಕಡಿಮೆ ಇದ್ದರೆ ನೀರಿನಲ್ಲೇ ಹೆಚ್ಚು ಉಳಿಯುತ್ತದೆ. ಅಂದರೆ ಟಿಡಿಎಸ್ ಸಾವಿರ ತೋರಿಸುವ ನೀರಿನಲ್ಲೂ ಚಿಪ್ಪಿಗೆ ಬೇಕಾದದ್ದು ಇಲ್ಲದೇ ಇರಬಹುದು. ಆರ್‌ಒ ನೀರಿನಲ್ಲಂತೂ ಬಹುತೇಕ ಎಲ್ಲವೂ ಹೋಗಿರುತ್ತದೆ. ಹನಿ ಕಿಟ್‌ನಲ್ಲಿ ಎಂಟರಿಂದ ಹದಿನೆಂಟು ಡಿಗ್ರಿ, ಪಿಎಚ್ ಏಳಕ್ಕಿಂತ ಸ್ವಲ್ಪ ಮೇಲೆ ಇದ್ದರೆ ನಿಶ್ಚಿಂತೆ.

ಊರಾಚೆ ಕುಂಟೆಯಲ್ಲಿ ಕುರಿಗೆ ನೀರು ಕುಡಿಸುತ್ತಿದ್ದ ಅವ್ವ ನನ್ನ ಕೈಯಲ್ಲಿದ್ದ ಸಣ್ಣ ನತ್ತೆ ನೋಡಿ ಮುಖ ಕಿವುಚಿದರು. ‘ಬಿಸಾಕಪ್ಪಾ ಅದ್ನ. ಅದಿರೋ ನೀರ್ ಕುಡುದ್ರೆ ಕುರಿಗೆ ಹೊಟ್ಟೆ ಹುಳ ಆಗ್ತದೆ.’ ಅವರು ಹೇಳಿದ್ದು ಸರಿ. ಕುರಿಯ ಲಿವರ್ ಸೇರುವ ಚಪ್ಪಟೆ ಹುಳುವಿನ ಬಾಲ್ಯ ಕಳೆಯೋದು ಒಂದು ಜಾತಿಯ ಸಣ್ಣ ನತ್ತೆಯೊಳಗೆ. ದನಗಳಿಗೆ ಬರುವ ಗೊರಕೆ ರೋಗದ ಹುಳುವಿಗೆ ನಮ್ಮ ಕೆರೆಯ ರ‍್ಯಾಮ್ಸ್‌ಹಾರ್ನ್ ಆಶ್ರಯ. ಹಾಗಾಗಿ ಕೆರೆಯ ನತ್ತೆಯನ್ನು ನೋಡಿ, ಫೋಟೊ ತೆಗೆಯಿರಿ, ಕೈ ತೊಳೆಯಿರಿ. ಮನೆ ತೊಟ್ಟಿಗೆ ತರಬೇಡಿ.

ತೊಟ್ಟಿಯಿಂದ ಕೆರೆಗೆ ಬೇಡ

ಉಲ್ಟಾ ದಾರಿ ಇನ್ನೂ ಅಪಾಯ. ನತ್ತೆ ಹೆಚ್ಚಾದಾಗ ‘ಪಾಪ, ಬದುಕಿಕೊಳ್ಳಲಿ’ ಅಂತ ಊರಿಗೆ ಹೋದಾಗ ಕೆರೆಗೆ ಬಿಡುವವರಿದ್ದಾರೆ. ಸಾಯಿಸೋಕೆ ಮನಸ್ಸು ಬಾರದೆ ಮಾಡುವ ಕೆಲಸ. ಆದರೆ ಮಿಸ್ಟರಿ ಸ್ನೇಲ್‌ನ ಹತ್ತಿರದ ಜಾತಿಯೊಂದನ್ನು 1980ರ ಆಸುಪಾಸಿನಲ್ಲಿ ತಿನ್ನೋಕೆ ಅಂತ ತೈವಾನ್‌ಗೆ ತಂದರು. ಅದು ಗದ್ದೆಗಿಳಿದು, ಫಿಲಿಪೈನ್ಸ್, ವಿಯೆಟ್ನಾಂ ತನಕ ಎಳೆ ಭತ್ತದ ಪೈರನ್ನು ತಿಂದು ಹಾಕಿತು. ಅಂಗಡಿಯಲ್ಲಿ ಮರಿಗಳನ್ನು ನೋಡಿ ಎರಡನ್ನೂ ಬೇರೆ ಮಾಡೋದು ಸುಲಭವಲ್ಲ. ಅಕ್ವೇರಿಯಂನಿಂದ ಹೊರಬಿದ್ದ ಸಕ್ಕರ್ ಮೀನು ಈಗ ಆಂಧ್ರದ ಮೀನುಗಾರರ ಬಲೆ ಹರಿಯುತ್ತಿದೆ. ಅವರು ಅದಕ್ಕಿಟ್ಟ ಹೆಸರು ‘ದೆಯ್ಯಂ ಚೇಪ’, ದೆವ್ವದ ಮೀನು.

ಈ ನಾಲ್ಕು ತಾಲ್ಲೂಕಿನ ಕೆರೆಗಳು ಮೊದಲಿನಂತೆ ಒಂಟಿಯಾಗಿಯೂ ಇಲ್ಲ. ಹೇಮಾವತಿ ನೀರು ನಾಲೆಯಲ್ಲಿ ಬಂದು ಕಳ್ಳಂಬೆಳ್ಳ ಕೆರೆ ತುಂಬಿ ಶಿರಾ ಕೆರೆಗೆ ಹರಿಯುತ್ತದೆ. ಬರಗಾಲದ ಸೀಮೆಗೆ ಅದು ಜೀವ. ಆದರೆ ಒಂದು ಕೆರೆಗೆ ಬಿಟ್ಟ ನತ್ತೆಗೆ ಮುಂದಿನ ಕೆರೆಗೆ ಹೋಗೋಕೆ ಅದೇ ದಾರಿ. ಬೇಸಿಗೆಯನ್ನೆಲ್ಲ ಮಣ್ಣಿನಲ್ಲಿ ಕಾದು, ಮಳೆಗೆ ಎದ್ದು ಬರುವ ನಮ್ಮ ನತ್ತೆಗೆ ಆಗ ಊಟದಲ್ಲಿ ಪಾಲುದಾರ ಬಂದಿರುತ್ತಾನೆ. ಆ ನತ್ತೆಯನ್ನೇ ನಂಬಿರುವ ಬಾಯ್ಕಳಕ ಕೊಕ್ಕರೆಯಿದೆ. ಅದರ ಕೊಕ್ಕಿನ ನಡುವಿನ ಸಂದು ನತ್ತೆ ಹಿಡಿಯೋಕೆ ಒದಗುವಂತೆ ಇದೆ.

ಹಾಗಾದರೆ ಹೆಚ್ಚಾದದ್ದನ್ನು ಏನು ಮಾಡೋದು? ಗೊಂಚಲು ಕಂಡ ದಿನವೇ ಬೇಕೋ ಬೇಡವೋ ತೀರ್ಮಾನಿಸಿ. ಬೇಡ ಅಂದರೆ ಕೆರೆದು, ಕವರ್‌ಗೆ ಹಾಕಿ, ಎರಡು ದಿನ ಫ್ರೀಜರ್‌ನಲ್ಲಿಟ್ಟು ಕಸಕ್ಕೆ ಹಾಕಿ. ಮರಿಗಳನ್ನು ಬೇರೆ ಸಾಕುವವರಿಗೆ ಕೊಡಿ. ತೊಟ್ಟಿ ತೊಳೆದ ನೀರನ್ನು ಗಿಡದ ಕುಂಡಕ್ಕೆ ಹಾಕಿ, ಮಳೆನೀರಿನ ಚರಂಡಿಗೆ ಬೇಡ.

ಇಟ್ಟುಕೊಂಡವಕ್ಕೆ ಊಟ ಸುಲಭ: ಬೇಯಿಸಿದ ಸೋರೆಕಾಯಿ ಬಿಲ್ಲೆ, ಪಾಲಕ್ ಎಲೆ, ಉಳಿದದ್ದನ್ನು ಬೆಳಗ್ಗೆ ತೆಗೆದುಬಿಡಿ. ತೊಳೆದು ಒಣಗಿಸಿದ ಮೊಟ್ಟೆ ಚಿಪ್ಪು ಅಥವಾ ಲವ್ ಬರ್ಡ್ಸ್‌ಗೆ ಕೊಡುವ ಕಟಲ್‌ಬೋನ್ ಒಂದು ತುಂಡು ಇರಲಿ. ತಾಮ್ರ ಇರುವ ಮೀನಿನ ಔಷಧಿ ನತ್ತೆಗೆ ವಿಷ. ತಾಮ್ರದ ಬಿಂದಿಗೆಯಲ್ಲಿ ರಾತ್ರಿ ಇಟ್ಟ ನೀರನ್ನು ನೀವು ಕುಡಿಯಿರಿ, ಅವಕ್ಕೆ ಬೇಡ. ಊರಿಗೆ ಹೋದಾಗ ಕೆರೆ ದಂಡೆಯ ಗಿಡಕ್ಕೋ ಕಲ್ಲಿಗೋ ಗುಲಾಬಿ ಬಣ್ಣದ ಮೊಟ್ಟೆಯ ಗೊಂಚಲು ಅಂಟಿದ್ದು ಕಂಡರೆ ಫೋಟೊ ತೆಗೆದು ಕೃಷಿ ಇಲಾಖೆಯವರಿಗೆ ತೋರಿಸಿ. ನಮ್ಮ ನತ್ತೆ ಬಿಳಿ ಮೊಟ್ಟೆಯನ್ನು ಮಣ್ಣಲ್ಲಿ ಬಚ್ಚಿಡುತ್ತದೆ. ಗುಲಾಬಿ ಕಂಡಿತು ಅಂದರೆ ಯಾರೋ ತೊಟ್ಟಿ ಖಾಲಿ ಮಾಡಿದ್ದಾರೆ ಅಂತಲೇ ತಿಳಿಯಿರಿ.