ಸುಗಂಧರಾಜಕ್ಕೆ ಬಂಜೆ ಅನ್ನಬೇಡಿ

“ಮೂರು ವರ್ಷ ಆತು, ಬರೇ ಎಲಿ ಬಿಡ್ತದ. ಬಂಜಿ ಗಿಡ!” ನಮ್ಮ ರಂಗಂಪೇಟೆಯ ಓಣಿಗಳಲ್ಲಿ ಸುಗಂಧರಾಜದ ಬಗ್ಗೆ ಈ ಮಾತು ಕೇಳಿದಾಗಲೆಲ್ಲ ನನಗೆ ಕಸಿವಿಸಿ. ಸೋದರಿಯರೇ, ಕಿತ್ತೆಸೆಯುವ ಮೊದಲು ಬುಡದ ಮಣ್ಣನ್ನೊಮ್ಮೆ ಬಿಡಿಸಿ ನೋಡಿ.

ಈ ಹೂವಿನ ಒಂದು ಗಡ್ಡೆ ಹೂ ಕೊಡುವುದು ಒಂದೇ ಸಲ. ಆಮೇಲೆ ಸುತ್ತ ಮರಿಗಡ್ಡೆಗಳು ಹುಟ್ಟುತ್ತವೆ. ಮುಂದಿನ ಹೂ ಅವುಗಳದ್ದು. ವರ್ಷಗಟ್ಟಲೆ ಬಿಡಿಸದಿದ್ದರೆ ಒಂದೇ ಕುಂಡದಲ್ಲಿ ಹತ್ತಾರು ಮರಿಗಳು ಇಕ್ಕಟ್ಟಾಗಿ, ಯಾವುದೂ ದಪ್ಪ ಆಗುವುದಿಲ್ಲ. ಹೂ ಎಲ್ಲಿಂದ ಬರಬೇಕು, ಹೇಳ್ರಿ?

ಚಳಿಗಾಲದಲ್ಲಿ ಎಲೆ ಒಣಗಿದಾಗ ಗಡ್ಡೆ ಅಗೆದು, ಒಂದು ತಿಂಗಳು ನೆರಳಲ್ಲಿ ಆರಲು ಬಿಡಿ. ಅಡಿಕೆ ಗಾತ್ರದವನ್ನು ಆರಿಸಿ, ಯುಗಾದಿ ಹೊತ್ತಿಗೆ ಗೇಣಿಗೊಂದರಂತೆ ಎರಡು ಅಂಗುಲ ಆಳಕ್ಕೆ ಊರಿ. ಸಣ್ಣವನ್ನು ಬೇರೆ ಕಡೆ ಬೆಳೆಸಿ. ದಪ್ಪಗಾದ ಮೇಲೆ ಅವೂ ಹೂ ಕೊಡುತ್ತವೆ. ಎರೆಮಣ್ಣಿನಲ್ಲಿ ನೀರು ನಿಂತರೆ ಗಡ್ಡೆ ಕೊಳೆಯುತ್ತದೆ. ಉಸುಕು, ತಿಪ್ಪೆಗೊಬ್ಬರ ಬೆರೆಸಿ. ದಿನಕ್ಕೆ ಆರು ತಾಸಾದರೂ ಬಿಸಿಲು ಬೇಕು. ಮೂರು-ನಾಲ್ಕು ತಿಂಗಳಿಗೆ ಹೂಕಡ್ಡಿ ಏಳುತ್ತದೆ.

ಹೊಸದಾಗಿ ತರುವವರು ಹೆಸರಘಟ್ಟದ ತೋಟಗಾರಿಕೆ ಸಂಶೋಧನಾ ಸಂಸ್ಥೆಯ ತಳಿ ಕೇಳಿ: ಮಾಲೆಗೆ ಒಂಟಿ ಸುತ್ತಿನ ‘ಶೃಂಗಾರ್’, ಹೂದಾನಿಗೆ ಜೋಡಿ ಸುತ್ತಿನ ‘ಸುವಾಸಿನಿ’.

ಗಿಡಕ್ಕಾಗಲಿ, ಮನೆಯ ಹೆಣ್ಣಿಗಾಗಲಿ ಆ ಕೆಟ್ಟ ಮಾತು ಅಂಟಿಸುವುದು ಬಹಳ ಸುಲಭ. ಅವರಿಗೆ ಜಾಗ ಸಿಕ್ಕಿದೆಯೇ, ಬಿಸಿಲು ಸಿಕ್ಕಿದೆಯೇ ಎಂದು ಮೊದಲು ವಿಚಾರಿಸೋಣ.